ಸ್ವಂತ ಮನೆಗೆ ಅಪ್ಪಣೆ ಕೇಳುತ್ತಿದ್ದವರು

ಅಂದು ಮೆಟ್ಟಿಲ ಮೇಲೆ ಆದದ್ದು ಹೇಗೆ ಎಂದು ನನಗೆ ಖಚಿತವಿಲ್ಲ. ಕುರ್ಚಿಯ ಹಿಂದಿನ ಕಾಲು ಹಿಡಿದವನು ನಾನು ಎಂದು ನನ್ನ ನೆನಪು. ಅವ್ವ ಹೇಳುವುದು ಬೇರೆ: ನಾನು ಮುಂದೆ ಇದ್ದೆ, ಹಿಂಭಾರ ಹೊತ್ತವರು ಕಾಕಾ. ಕಾಕಾ ಒಂದು ಪ್ರಶ್ನೆ ಕೇಳಿದರು, ನಾನು ಉತ್ತರ ಕೊಟ್ಟೆ. ಇದರಲ್ಲಿ ಅನುಮಾನವಿಲ್ಲ. ಉತ್ತರದ ಒಂದೊಂದು ಶಬ್ದವೂ ನೆನಪಿದೆ. ಆದರೆ ಹಾಗೆ ಹೇಳುವಾಗ ಅದು ಸುಳ್ಳು ಎಂದು ನನಗೆ ಗೊತ್ತಿತ್ತೋ ಇಲ್ಲವೋ ಎಂಬುದು ನೆನಪಿಲ್ಲ. ನಾನು ವಿಶ್ವವಿದ್ಯಾಲಯದಲ್ಲಿ ಮನಃಶಾಸ್ತ್ರ ಓದಿ ಈಗ ಸೊಲ್ಲಾಪುರದ ಒಂದು ಕಾಲೇಜಿನಲ್ಲಿ ಅದನ್ನೇ ಕಲಿಸುತ್ತೇನೆ. ನೆನಪನ್ನು ಹೊರತೆಗೆದಾಗಲೆಲ್ಲ ನಾವು ಅದನ್ನು ಸ್ವಲ್ಪ ತಿದ್ದಿ ಒಳಗಿಡುತ್ತೇವೆ ಎಂದು ಪ್ರತಿ ವರ್ಷ ಪಾಠ ಮಾಡುತ್ತೇನೆ. ಇನ್ನೊಬ್ಬರ ನೆನಪಿನ ಬಗ್ಗೆ ಹೇಳುವಾಗ ಅದು ಸುಲಭದ ಪಾಠ.

ಕಾಕಾ ಈ ಸಲದ ಶ್ರಾವಣದಲ್ಲಿ ತೀರಿಕೊಂಡರು. ಅವರು ನಮ್ಮ ಸಂಬಂಧಿಕರಲ್ಲ. ಅಕ್ಕಲಕೋಟೆಯಲ್ಲಿ ನಾವು ಬಾಡಿಗೆಗಿದ್ದ ವಾಡೆಯ ಮಾಲಕರು. ನಮ್ಮೂರು ವಾಗದರಿಯಲ್ಲಿ ನಾವು ಪಾಟೀಲರು, ನಮಗೆ ಹೊಲವೂ ಇತ್ತು, ದೊಡ್ಡ ಮನೆಯೂ ಇತ್ತು. ನನ್ನನ್ನು ಒಳ್ಳೆಯ ಶಾಲೆಗೆ ಹಾಕಬೇಕೆಂದು ಅಪ್ಪ ಅಕ್ಕಲಕೋಟೆಗೆ ಬಂದು ಆ ವಾಡೆಯ ಕೆಳಭಾಗ ಹಿಡಿದರು. ಶಾಲೆ ಮುಗಿದು ನಾನು ಸೊಲ್ಲಾಪುರದ ಹಾಸ್ಟೆಲಿಗೆ ಹೋದ ಮೇಲೂ ಬಿಡಲಿಲ್ಲ. ಅಪ್ಪನಿಗೆ ತಾಲೂಕು ಊರಿನ ರುಚಿ ಹತ್ತಿತ್ತು. ಮೇಲಿನ ಎರಡು ಖೋಲಿಗಳಲ್ಲಿ ಕಾಕಾ ಮತ್ತು ಅವರ ಹೆಂಡತಿ ಕಾಕು ಇರುತ್ತಿದ್ದರು. ಅವರ ಒಬ್ಬಳೇ ಮಗಳನ್ನು ಭಂಡಾರಕವಠೆಗೆ ಕೊಟ್ಟಿದ್ದರು.

ಆ ವಾಡೆಯಲ್ಲಿ ಒಂದು ಸಂಗತಿ ವಿಚಿತ್ರ. ಮೇಲೆ ಹೋಗುವ ಮೆಟ್ಟಿಲು ನಮ್ಮ ಪಡಸಾಲೆಯ ಒಳಗಿನಿಂದಲೇ ಶುರುವಾಗುತ್ತಿತ್ತು. ಕಾಕಾ ದಿನಕ್ಕೆ ಎಷ್ಟು ಸಲ ಹೋಗಿ ಬಂದರೂ ಅಷ್ಟೂ ಸಲ ಹೊಸ್ತಿಲ ಹೊರಗೆ ನಿಂತು ಕೆಮ್ಮುತ್ತಿದ್ದರು. ಆಮೇಲೆ, "ಬರ್ಲೇನ್ರಿ?"

ಒಳಗಿನಿಂದ ಅವ್ವ "ಬರ್ರಿ" ಎನ್ನುವವರೆಗೆ ಕಾಲು ಒಳಗಿಡುತ್ತಿರಲಿಲ್ಲ. ಒಂದು ಸಲ ಬೇಸಿಗೆಯ ಮಧ್ಯಾಹ್ನ ಅವ್ವನಿಗೆ ನಿದ್ದೆ ಹತ್ತಿತ್ತು. ಕಾಕಾ ಕೆಮ್ಮಿ, ಉತ್ತರ ಬಾರದ್ದಕ್ಕೆ ಹೊರಗಿನ ಕಟ್ಟೆಯ ಮೇಲೆ ಕೂತುಬಿಟ್ಟರು. ಅಕ್ಕಲಕೋಟೆಯ ಬಿಸಿಲು. ಮೇಲಿನ ಕಿಟಕಿಯಿಂದ ಕಾಕು ನೋಡಿದರು.

"ಅಯ್ಯ, ಅಲ್ಲ್ಯಾಕ ಕುಂತೀರಿ? ಮನಿ ಯಾರ್ದಂತ ಮರ್ತ್ರೇನು?"

"ಸಾವಕಾಶ ಒದರು. ಪಾಟೀಲ್ರ ಮನಿಯವ್ರು ಮಲಗ್ಯಾರ."

"ನಾ ಕೇಳಿದ್ದು ಮನಿ ಯಾರ್ದಂತ."

"ಬಾಡಿಗಿ ತಗೊಂಡ ಮ್ಯಾಲೆ ಕೆಳಗಿಂದು ಅವರ್ದು. ನಮ್ದು ಬರೇ ಮೆಟ್ಲ."

ಕಾಕು ನಕ್ಕ ಸದ್ದಿಗೆ ಅವ್ವನಿಗೆ ಎಚ್ಚರವಾಯಿತಂತೆ.

ಅವರನ್ನು ಸಂತನನ್ನಾಗಿ ಮಾಡುವ ಉದ್ದೇಶ ನನಗಿಲ್ಲ. ತೀರಿಕೊಂಡವರನ್ನು ದೊಡ್ಡವರನ್ನಾಗಿ ಮಾಡುವ ಚಟ ನಮ್ಮಲ್ಲಿ ಬಹಳ. ಕಾಕಾಗೆ ಜಂಬವಿತ್ತು. ಪೇಟೆಯಲ್ಲಿ ಅವರದು ಖಣ ಮತ್ತು ಸೀರೆಯ ಅಂಗಡಿ. ಕರಿ ಟೊಪ್ಪಿಗೆ ಒಂದಿಷ್ಟು ಧೂಳು ಕೂತರೂ ತೆಗೆದು ಊದಿ ಮತ್ತೆ ಹಾಕಿಕೊಳ್ಳುತ್ತಿದ್ದರು. ಗಿರಾಕಿಗಳು "ಶೇಠಜಿ" ಎಂದರೆ ಕಿಂಚಿತ್ತು ಎತ್ತರವಾಗುತ್ತಿದ್ದರು. ಅಂಗಡಿಯ ಬೋರ್ಡು ಮರಾಠಿ, ಅರಿವೆ ಅಳೆಯುವುದು ಮರಾಠಿಯಲ್ಲಿ, ಗಿರಾಕಿ ಹೋದ ಮೇಲೆ ಬೈಯುವುದು ಕನ್ನಡದಲ್ಲಿ. ಸಹಿ ಮಾತ್ರ ಎಲ್ಲಿ ಮಾಡಿದರೂ ಕನ್ನಡ. ಕೊನೆಯ ಅಕ್ಷರದ ಬಾಲವನ್ನು ಹಿಂದಕ್ಕೆ ಎಳೆದು ಇಡೀ ಹೆಸರಿನ ಕೆಳಗೆ ಗೆರೆಯಂತೆ ತರುತ್ತಿದ್ದರು. ನಗರಸಭೆಯವರ ಜೊತೆ ನಳದ ನೀರಿಗಾಗಿ ಜಗಳ, ಸ್ವಂತ ಅಣ್ಣನ ಜೊತೆ ವರ್ಷಗಟ್ಟಲೆ ಮಾತಿಲ್ಲ. ಇಂಥ ಮನುಷ್ಯ ಬಾಡಿಗೆದಾರರ ಬಾಗಿಲಲ್ಲಿ ಕೆಮ್ಮುತ್ತಿದ್ದರು.

ಪ್ರತಿ ಸೋಮವಾರ ಅಂಗಡಿಯ ಮಾಲಿಗಾಗಿ ಸೊಲ್ಲಾಪುರಕ್ಕೆ ಹೋಗುತ್ತಿದ್ದರು. ಬಸ್ಸು ನಿಲ್ಲುವ ಮೊದಲೇ ಹೆಗಲ ಮೇಲಿನ ಟವೆಲನ್ನು ಕಿಟಕಿಯಿಂದ ಒಳಗೆ ಎಸೆದು ಸೀಟು ಹಿಡಿಯುವುದರಲ್ಲಿ ಅವರನ್ನು ಮೀರಿಸಿದವರಿಲ್ಲ. ಟವೆಲ್ಲು ಒಂದೇ, ಸೀಟು ಎರಡು. ಅಪ್ಪ ಆ ದಿನ ಸೊಲ್ಲಾಪುರಕ್ಕೆ ಹೋಗುವುದಿದ್ದರೆ ಎರಡನೆಯದು ಅಪ್ಪನಿಗೆ. ಇಲ್ಲದಿದ್ದರೆ ಯಾವುದಾದರೂ ಮುದುಕಿಗೆ.

ನಾನು ಎಂ.ಎ.ಗೆ ಸೇರಿದ ವರ್ಷ ಕಾಕುಗೆ ಲಕ್ವಾ ಹೊಡೆಯಿತು. ಮಾತು ಉಳಿಯಿತು, ಬಲಗಾಲು ಹೋಯಿತು. ಮೆಟ್ಟಿಲು ಹತ್ತಿಳಿಯುವುದು ಮುಗಿಯಿತು ಎಂದು ಡಾಕ್ಟರು ಹೇಳಿದರು. ಕಾಕಾ ಒಂದು ಸಂಜೆ ಬಂದು, ಕೆಮ್ಮಿ, ಕೇಳಿ, ಒಳಗೆ ಬಂದು ಅಪ್ಪನ ಎದುರು ಕೂತರು.

"ಪಾಟೀಲ್ರ, ನೀವು ಮ್ಯಾಲೆ ಹೋಗ್ರಿ. ನಾವು ಕೆಳಗ ಬರ್ತೀವಿ. ಬಾಡಿಗಿ ಅರ್ಧಾ ಕೊಟ್ರ ಸಾಕು."

ಅಪ್ಪ ವಿಚಾರ ಮಾಡಿ ಹೇಳುತ್ತೇನೆ ಎಂದರು. ಕಾಕಾ ಹೋದ ಮೇಲೆ ಅವ್ವನಿಗೆ ಹೇಳಿದ್ದು ಬೇರೆ: "ವಾಗದರಿ ಪಾಟೀಲ ಹೋಗಿ ಮಾಳಿಗಿ ಖೋಲ್ಯಾಗ ಕುಂದ್ರಬೇಕೇನು? ಬೀಗರು ಬಂದ್ರ ಎಲ್ಲಿ ಕೂಡಸಲಿ?" ಇದು ಕಾರಣವೇ ಎಂದು ಈಗ ನೀವು ಕೇಳಬಹುದು. ನಮ್ಮ ಮನೆಯಲ್ಲಿ ಅಂದು ಯಾರೂ ಕೇಳಲಿಲ್ಲ. ನಾನೂ ಕೇಳಲಿಲ್ಲ.

ಅಪ್ಪ ವಿಚಾರ ಮಾಡುತ್ತಲೇ ಇದ್ದರು. ಕೊನೆಗೆ ಕಾಕಾ ಅಕ್ಕಲಕೋಟೆಯ ಕೋರ್ಟಿನಲ್ಲಿ ದಾವೆ ಹಾಕಿದರು. ಹೆಂಡತಿಗೆ ನಡೆಯಲು ಬರುವುದಿಲ್ಲ, ಕೆಳಗಿನ ಮನೆ ನಮಗೇ ಬೇಕು ಎಂಬುದು ದಾವೆ. ಆಮೇಲೂ ಕೆಮ್ಮು ನಿಲ್ಲಲಿಲ್ಲ. ತಾರೀಖಿನ ದಿನ ವಾದಿ ಪ್ರತಿವಾದಿ ಇಬ್ಬರೂ ಒಂದೇ ಬಾಗಿಲಿನಿಂದ ಹೊರಟು ಮಾತಾಡುತ್ತ ಕೋರ್ಟಿಗೆ ನಡೆದುಹೋಗುತ್ತಿದ್ದರು. ನಮ್ಮ ಕಡೆ ಇದು ದೊಡ್ಡ ಸಂಗತಿಯಲ್ಲ. ಜಗಳ ಕೋರ್ಟಿನದು, ಓಣಿ ಎಲ್ಲರದು.

ತೀರ್ಪು ಕಾಕಾನ ಕಡೆ ಆಯಿತು. ಇವರಿಗೆ ಊರಲ್ಲಿ ಸ್ವಂತ ಮನೆಯಿದೆ, ಆ ಹೆಣ್ಣುಮಗಳಿಗೆ ಕೆಳಗಿನ ಮನೆ ಬಿಟ್ಟರೆ ಗತಿಯಿಲ್ಲ, ಆದ್ದರಿಂದ ಬಿಟ್ಟುಕೊಡಿ ಎಂದು ನ್ಯಾಯಾಧೀಶರು ಬರೆದರು. ಅಂದು ಸಂಜೆ ಕಾಕಾ ಬಂದರು. ಗೆದ್ದವರ ಮುಖವನ್ನು ಮರೆಮಾಡಲು ಅವರಿಗೆ ಬರುತ್ತಿರಲಿಲ್ಲ, ಟೊಪ್ಪಿಗೆ ಸ್ವಲ್ಪ ಓರೆಯಾಗಿಯೇ ಇತ್ತು. ಆದರೂ ಹೊಸ್ತಿಲ ಹೊರಗೆ ನಿಂತು "ಬರ್ಲೇನ್ರಿ?" ಎಂದರು. ಒಳಗೆ ಬಂದು, "ಗಡಿಬಿಡಿ ಮಾಡಬ್ಯಾಡ್ರಿ ಪಾಟೀಲ್ರ. ಸುಗ್ಗಿ ಮುಗಿಸ್ಕೊಂಡು ಹೋಗ್ರಿ" ಎಂದರು.

ಮುಂದಿನ ಸೋಮವಾರ ಅಪ್ಪ ಸೊಲ್ಲಾಪುರಕ್ಕೆ ಹೊರಟರು. ಕಣ್ಣು ತೋರಿಸಬೇಕು ಎಂದು ಕಾಕಾಗೆ ಹೇಳಿದ್ದರು. ಟವೆಲ್ಲು ಬಿತ್ತು, ಎರಡು ಸೀಟು ಸಿಕ್ಕವು. ದಾರಿಯಲ್ಲಿ ಕಾಕಾ ಕಡಕ್ ಭಕ್ಕರಿ, ಶೇಂಗಾ ಚಟ್ನಿ ಬಿಚ್ಚಿ ಅರ್ಧ ಅಪ್ಪನ ಮುಂದಿಟ್ಟರು. ಅಪ್ಪ ತಿಂದರು. ತಿಂದು ಸೊಲ್ಲಾಪುರದಲ್ಲಿ ಇಳಿದು, ಜಿಲ್ಲಾ ಕೋರ್ಟಿಗೆ ಬಂದು, ಅಲ್ಲಿ ಕಾಯುತ್ತಿದ್ದ ನನ್ನನ್ನು ಕರೆದುಕೊಂಡು ವಕೀಲರ ಹತ್ತಿರ ಹೋದರು.

"ಅಪೀಲ್ ದಾಖಲ್ ಮಾಡಿದ್ರ ಮುಗೀಲಿಲ್ಲ ಪಾಟೀಲ್ರ," ಎಂದರು ವಕೀಲರು. "ಬರೇ ಅಪೀಲ್ ಅಂದ್ರ ಅವರ ತೀರ್ಪು ಜೀವಂತನ ಇರ್ತದ. ನಾಳೆ ಅವರು ಜಾರಿ ಮಾಡ್ರಿ ಅಂತ ದರಖಾಸ್ತ ಹಾಕಿ, ಕೋರ್ಟಿನ ಬೇಲಿಫ್ ಕರ್ಕೊಂಡು ಬಂದು ನಿಮ್ಮ ಸಾಮಾನು ಹೊರಗ ಇಡಸ್ತಾರ. ಅದಕ್ಕ ಸ್ಟೇ ಬೇಕು. ಅಪೀಲ್ ಮುಗಿಯೂತನಕ ತೀರ್ಪು ಜಾರಿ ಮಾಡಬ್ಯಾಡ್ರಿ ಅಂತ ಹುಕುಂ."

ಮುಂದಿನ ತಾರೀಖಿನವರೆಗೆ ಎಂದು ತಾತ್ಕಾಲಿಕ ಸ್ಟೇ ಅಂದೇ ಸಿಕ್ಕಿತು. ಸಂಜೆ ಅಪ್ಪನನ್ನು ಬಸ್ಸಿಗೆ ಬಿಡಲು ಹೋದೆ. ಕಾಕಾ ಮೊದಲೇ ಬಂದು ಸೀಟು ಹಿಡಿದು ಕೂತಿದ್ದರು, ತೊಡೆಯ ಮೇಲೆ ಖಣದ ಗಂಟು. ಅಪ್ಪ ಹತ್ತಿ ಪಕ್ಕದಲ್ಲಿ ಕೂತರು.

"ಕಣ್ಣಿಗೆ ಏನಂದ್ರು?"

"ಇನ್ನೊಂದಿಷ್ಟು ದಿನ ನಡೀತದಂತ."

ನಾನು ಕಿಟಕಿಯ ಕೆಳಗೆ ನಿಂತು ಕೇಳಿದೆ. ನಕ್ಕೆ ಎಂದು ಕಾಣುತ್ತದೆ. ನಕ್ಕಿರಲಿಲ್ಲ ಎಂದು ಬರೆಯಲು ಬಹಳ ಆಸೆಯಿದೆ.

ಕೆಲವು ದಿನಗಳಲ್ಲಿ ಕೋರ್ಟಿನ ನೋಟೀಸು ಅಂಗಡಿಗೇ ಹೋಯಿತು. ಕಾಕಾ ಮಧ್ಯಾಹ್ನ ಅಂಗಡಿಯ ಬಾಗಿಲು ಅರ್ಧ ಎಳೆದು ಮನೆಗೆ ಬಂದರು. ಕೆಮ್ಮಿದರು, ಕೇಳಿದರು, ಬಂದರು. ಮೆಟ್ಟಿಲ ಮೊದಲ ಹಂತದ ಮೇಲೆ ಒಂದು ಕಾಲಿಟ್ಟು ಅಪ್ಪನ ಕಡೆ ತಿರುಗಿ ಕೇಳಿದರು: "ಈಗ ಚೊಲೋ ಕಾಣಾಕತ್ತದೇನ್ರಿ ಪಾಟೀಲ್ರ?" ಅಷ್ಟೇ. ಈ ಜಗಳದಲ್ಲಿ ಅವರು ಆಡಿದ ಒಂದೇ ಚುಚ್ಚುಮಾತು ಇದು. ಆಮೇಲಿನ ಸೋಮವಾರಗಳಲ್ಲಿ ಅಪ್ಪನಿಗೆ ಸೀಟು ಹಿಡಿಯುತ್ತಿದ್ದರೋ ಇಲ್ಲವೋ ಎಂಬುದಕ್ಕೆ ನಮ್ಮ ಮನೆಯಲ್ಲೇ ಎರಡು ಸಾಕ್ಷಿಗಳಿವೆ. ಹಿಡಿಯುತ್ತಿದ್ದರು ಎಂದು ಅಪ್ಪ ಹೇಳುತ್ತಿದ್ದರು. "ಹಿಡದಿದ್ರ ನಿಮ್ಮಪ್ಪ ಯಾಕ ನಿಂತು ಹೋಗಿ ಮೊಣಕಾಲು ಹಿಡ್ಕೊಂಡು ಬರ್ತಿದ್ರು?" ಎಂದು ಅವ್ವ ಕೇಳುತ್ತಾಳೆ.

ಇಲ್ಲಿಂದ ನನ್ನ ಕಷ್ಟ ಶುರು. ಮುಂದಿನ ತಾರೀಖಿಗೆ ನಮ್ಮ ವಕೀಲರು ಬೇರೆ ಕೋರ್ಟಿನಲ್ಲಿ ಸಿಕ್ಕಿಬಿದ್ದರು. ಕರೆದಾಗ ಯಾರೂ ಇರಲಿಲ್ಲ. ಸ್ಟೇ ಮುಂದುವರಿಸಿಲ್ಲ ಎಂದು ನ್ಯಾಯಾಧೀಶರು ಬರೆದರು. ಅಂದರೆ ಅಪೀಲು ಇತ್ತು, ಸ್ಟೇ ಇರಲಿಲ್ಲ. ಕಾಕಾನ ವಕೀಲರು ಅಕ್ಕಲಕೋಟೆಯವರು, ಅವರೂ ಅಂದು ಬಂದಿರಲಿಲ್ಲವಂತೆ. ನಮ್ಮ ವಕೀಲರು ಅಪ್ಪನಿಗೆ ಹೇಳಿದ್ದು: "ಸುಮ್ಮ ಇರ್ರಿ. ಮತ್ತ ಅರ್ಜಿ ಹಾಕಿದ್ರ ಅವರಿಗೆ ನಾವ ಹೇಳಿದಂಗ ಆಗ್ತದ. ಅವರು ದರಖಾಸ್ತ ಹಾಕಿದ್ರ ಆವಾಗ ನೋಡೂಣು."

ಇದನ್ನು ಅಪ್ಪ ನನಗೆ ಹೇಳಿದರು. ಹೇಳಿದ್ದು ನಿಜ. ಯಾವಾಗ? ನನ್ನ ನೆನಪಿನಲ್ಲಿ ನಾವಿಬ್ಬರೂ ಪಡಸಾಲೆಯಲ್ಲಿ ಕೂತು ಹಸಿ ತೊಗರಿಕಾಯಿ ಸುಲಿಯುತ್ತಿದ್ದೇವೆ. ಹಾಗಿದ್ದರೆ ಅದು ಚಳಿಗಾಲ, ಸಂಕ್ರಾಂತಿಯ ಆಚೀಚೆ. ಆದರೆ ಅವ್ವ, "ತೊಗರಿ ಎಲ್ಲೀದು, ಮಾವಿನಕಾಯಿ ಹೆಚ್ಚಾಕತ್ತಿದ್ದೆ ನಾನು, ಆವಾಗ ಹೇಳಿದ್ರು" ಎನ್ನುತ್ತಾಳೆ. ಅವ್ವನ ಮಾವಿನಕಾಯಿ, ಅಂದರೆ ಸಂಕ್ರಾಂತಿ ಕಳೆದ ಬೇಸಿಗೆ, ನಿಜವಾದರೆ ಮೆಟ್ಟಿಲ ಮೇಲೆ ಉತ್ತರ ಕೊಟ್ಟಾಗ ನಾನು ತಪ್ಪು ತಿಳಿದವನು. ನನ್ನ ತೊಗರಿಕಾಯಿ ನಿಜವಾದರೆ ಬಹುಶಃ ಸುಳ್ಳುಗಾರ. ಅವ್ವ ನನ್ನ ತಾಯಿ ಎಂಬುದನ್ನೂ ಲೆಕ್ಕಕ್ಕೆ ಹಿಡಿಯಬೇಕು.

ಆ ಸಂಕ್ರಾಂತಿಗೆ ಕಾಕು ಹಟ ಹಿಡಿದರು. ಹೆಣ್ಣುಮಕ್ಕಳು ಅರಿಶಿನ ಕುಂಕುಮಕ್ಕೆ ಬರುವಾಗ ತಾನು ಮೇಲೆ ಗುಬ್ಬಿಯ ಹಾಗೆ ಕೂರುವುದಿಲ್ಲ, ಕೆಳಗೆ ಪಡಸಾಲೆಯಲ್ಲಿ ಕೂತು ಕೈಯಾರೆ ಎಳ್ಳು ಕೊಡುತ್ತೇನೆ ಎಂದು. ಹಬ್ಬಕ್ಕೆ ನಾನು ಊರಲ್ಲಿದ್ದೆ. ಬೆತ್ತದ ಕುರ್ಚಿಯಲ್ಲಿ ಅವರನ್ನು ಕೂರಿಸಿ, ಜಾರದಂತೆ ಅಂಗಡಿಯ ಹೊಸ ಸೀರೆಯೊಂದರಿಂದ ಸೊಂಟಕ್ಕೆ ಕಟ್ಟಿ, ಕಾಕಾ ಒಂದು ಕಡೆ ನಾನು ಒಂದು ಕಡೆ ಎತ್ತಿದೆವು.

"ಸೀರಿ ಮಾರಿದ್ರ ಗಿರಾಕಿ ಸಿಗ್ತಿದ್ದಳು, ಹಗ್ಗ ಮಾಡಿದ್ರು ನೋಡು ನಿಮ್ಮ ಕಾಕಾ," ಎಂದರು ಕಾಕು. "ಏನೋ ಪ್ರೊಫೆಸರ್, ಕೈ ನಡಗಾಕತ್ತಾವಲ್ಲ? ಯುನಿವರ್ಸಿಟ್ಯಾಗ ಬರೇ ಪುಸ್ತಕ ತಿನಸ್ತಾರೇನು?"

"ನೀವು ಭಾಳ ಹಗುರ ಅದೀರಿ ಕಾಕು."

"ಸುಳ್ಳ ಹೇಳಬ್ಯಾಡ. ಹೊತ್ತವ್ರಿಗೆ ಗೊತ್ತಿರ್ತದ ವಜ್ಜಾ."

ಮೆಟ್ಟಿಲು ತಿರುಗುವಲ್ಲಿ ಜಾಗ ಸಣ್ಣದು. ಉಸಿರು ತೆಗೆದುಕೊಳ್ಳಲು ಕುರ್ಚಿ ಇಳಿಸಿದೆವು. ಕೆಳಗೆ ನಮ್ಮ ಪಡಸಾಲೆ ಕಾಣುತ್ತಿತ್ತು, ಅಲ್ಲಿ ಅವ್ವ ಚಾಪೆ ಹಾಸುತ್ತಿದ್ದಳು. ಕಾಕಾ ಟವೆಲ್ಲಿನಿಂದ ಮುಖ ಒರೆಸಿಕೊಂಡರು. ಕಾಕುನ ತಲೆಯ ಮೇಲಿಂದ ನನ್ನನ್ನು ನೋಡಿ ಕೇಳಿದರು:

"ಪ್ರೊಫೆಸರ್, ಒಂದು ಕೇಳ್ತೀನಿ. ಸ್ಟೇ ಇನ್ನೂ ಅದೇನಪಾ?"

ನಾನು ಹೇಳಿದೆ: "ಅದರಿ ಕಾಕಾ. ಅಪೀಲ್ ಮುಗಿಯೂತನಕ ಏನೂ ಮಾಡಾಕ ಬರೂದಿಲ್ಲ."

ಅವರು ಇನ್ನೂ ಸ್ವಲ್ಪ ಹೊತ್ತು ನನ್ನನ್ನೇ ನೋಡಿದರು. ಅಥವಾ ಹಾಗೆ ನೋಡಿದರು ಎಂದು ನಾನು ಆಮೇಲೆ ಸೇರಿಸಿಕೊಂಡೆ. "ಹೂಂ. ಓದಿದಾವ ಹೇಳಿದ ಮ್ಯಾಲೆ ಮುಗೀತು" ಎಂದರು.

ಕಾಕು ತಿರುಗಿ ನೋಡಲಿಲ್ಲ. "ಇರ್ಲಿ ಬಿಡ್ರಿ. ಮ್ಯಾಲೆ ಗಾಳಿ ಚೊಲೋ ಬರ್ತದ" ಎಂದರು.

"ಹಿಡಿಯಪಾ, ಎತ್ತು" ಎಂದರು ಕಾಕಾ.

ಅಂದು ಕಾಕು ಸಂಜೆಯವರೆಗೆ ನಮ್ಮ ಪಡಸಾಲೆಯಲ್ಲಿ ಕೂತು ಬಂದವರಿಗೆಲ್ಲ ಎಳ್ಳು ಕೊಟ್ಟರು. ಹೋಗುವಾಗ ಒಬ್ಬಾಕೆ, "ಕಾಕು, ಇಲ್ಲೇ ಇರ್ರಲಾ, ಎಷ್ಟ್ ಛಂದ ಕಾಣಸ್ತೀರಿ" ಎಂದಳು. ಅವ್ವ ಅಡುಗೆಮನೆಗೆ ಎದ್ದು ಹೋದಳು. ದೀಪ ಹಚ್ಚುವ ಹೊತ್ತಿಗೆ ನಾವು ಅವರನ್ನು ಮತ್ತೆ ಮೇಲಕ್ಕೆ ಹೊತ್ತೆವು.

ಮರುವರ್ಷದ ಮಳೆಗಾಲದಲ್ಲಿ ಕಾಕು ಮೇಲೆಯೇ ತೀರಿಕೊಂಡರು. ಅವರನ್ನು ಕೆಳಗೆ ತರುವಾಗ ದಾರಿಗೆ ಅಡ್ಡವಾಗುತ್ತದೆಂದು ಅವ್ವ ದಿವಾನವನ್ನು ಒಬ್ಬಳೇ ಸರಿಸಿದಳು. ಹದಿನಾಲ್ಕನೆಯ ದಿನ ಕಳೆದ ಮೇಲೆ ವಕೀಲರು ಅಪ್ಪನನ್ನು ಕರೆಸಿದರು. ಹೆಂಡತಿಗಾಗಿ ಮನೆ ಬೇಕು ಎಂದಿದ್ದರು, ಹೆಂಡತಿಯೇ ಇಲ್ಲ, ಅಗತ್ಯವೇ ಉಳಿಯಲಿಲ್ಲ, ಇದನ್ನು ಕೋರ್ಟಿಗೆ ತಿಳಿಸಬೇಕು ಎಂದರು. ಆ ಹೊತ್ತಿಗೆ ಅಪ್ಪನ ಕಣ್ಣು ನಿಜವಾಗಿಯೂ ಮಂಜಾಗಿತ್ತು. ಮರಾಠಿಯಲ್ಲಿದ್ದ ಅಫಿಡವಿಟ್ಟನ್ನು ನಾನು ಓದಿ ಹೇಳಿದೆ. ಒಂದು ಕಡೆ ವಾಕ್ಯ ಸರಿಯಿರಲಿಲ್ಲ, ಅದನ್ನೂ ತಿದ್ದಿಕೊಟ್ಟೆ. ಯಾವ ಶಬ್ದ ತಿದ್ದಿದೆ ಎಂಬುದು ಮಾತ್ರ ಎಷ್ಟು ಪ್ರಯತ್ನಿಸಿದರೂ ನೆನಪಾಗುವುದಿಲ್ಲ. ನೆನಪಿನ ಈ ಕರುಣೆಯನ್ನು ನಾನು ನಂಬುವುದಿಲ್ಲ.

ಆ ಅಪೀಲಿನ ತೀರ್ಪು ಬರಲೇ ಇಲ್ಲ. ನನಗೆ ನೌಕರಿ ಸಿಕ್ಕಿತು. ಇನ್ನು ಆ ಮೆಟ್ಟಿಲು ನೋಡಿಕೊಂಡು ಆ ಮನೆಯಲ್ಲಿ ಇರಲಾರೆ ಎಂದು ಅವ್ವ ಹೇಳಿಬಿಟ್ಟಳು. ಅಪೀಲು ವಾಪಸು ತೆಗೆದುಕೊಂಡು ಸೊಲ್ಲಾಪುರಕ್ಕೆ ಬಂದೆವು. ಹೊರಡುವ ದಿನ ಸಾಮಾನೆಲ್ಲ ಟೆಂಪೋದಲ್ಲಿ, ಅಪ್ಪ ಅವ್ವ ಹೊರಗೆ. ಕೀಲಿ ಕೊಡಲು ನಾನೊಬ್ಬನೇ ಒಳಗೆ ನಿಂತಿದ್ದೆ. ಕಾಕಾ ಅಂಗಡಿಯಿಂದ ಬಂದರು. ಬರಿದಾದ ಪಡಸಾಲೆ, ತೆರೆದ ಬಾಗಿಲು. ಹೊಸ್ತಿಲಲ್ಲಿ ನಿಂತು ಕೆಮ್ಮಿದರು.

"ಬರ್ಲೇನ್ರಿ?"

ಯಾರಾದರೂ ಉತ್ತರ ಕೊಡಬೇಕಿತ್ತು. "ಬರ್ರಿ ಕಾಕಾ" ಎಂದೆ. ಕೀಲಿ ತೆಗೆದುಕೊಂಡು, ಟವೆಲ್ಲಿನ ಮೂಲೆಗೆ ಗಂಟು ಹಾಕಿ, ಮೆಟ್ಟಿಲು ಹತ್ತಿ ಮೇಲೆ ಹೋದರು. ಕೊನೆಯವರೆಗೂ ಅವರು ಕೆಳಗಿನ ಮನೆಗೆ ಇಳಿಯಲಿಲ್ಲ, ಬೇರೆಯವರಿಗೆ ಕೊಡಲೂ ಇಲ್ಲ ಎಂದು ಆಮೇಲೆ ಕೇಳಿದೆ.

ಅಪ್ಪ ಹೋಗಿ ಈಗ ಕೆಲವು ವರ್ಷಗಳಾದವು. ಈ ಶ್ರಾವಣದಲ್ಲಿ ಕಾಕಾನ ಸುದ್ದಿ ಬಂದಾಗ ಮನೆಯವರನ್ನು ಮಾತಾಡಿಸಲು ಅಕ್ಕಲಕೋಟೆಗೆ ಹೋದೆ. ಅವರ ಮಗಳು ಕೆಳಗಿನ ಪಡಸಾಲೆಯಲ್ಲಿ ಚಾಪೆ ಹಾಸಿ ಕೂತಿದ್ದಳು. ನಾನು ಹೊಸ್ತಿಲಲ್ಲಿ ಯಾಕೋ ನಿಂತೆ.

"ಬಾರಪಾ ಒಳಗ. ನೀ ಯಾಕ ಕೇಳ್ತಿ? ನಿಮ್ಮದ ಇತ್ತಲ್ಲ ಇದು," ಎಂದಳು. ಚುಚ್ಚಿದಳೋ ಸಹಜವಾಗಿ ಹೇಳಿದಳೋ ತಿಳಿಯಲಿಲ್ಲ. ಚಹಾ ಕೊಟ್ಟ ಮೇಲೆ ಅವಳೇ ಆ ಮಾತು ತೆಗೆದಳು.

"ಸ್ಟೇ ಇಲ್ಲ ಅಂತ ಅಪ್ಪಗ ಗೊತ್ತಿತ್ತು. ಅವ್ವಗೂ ಗೊತ್ತಿತ್ತು. ನಾ ಎಷ್ಟ ಜಗಳಾ ಮಾಡೀನಿ, ದರಖಾಸ್ತ ಹಾಕ್ರಿ, ಅವ್ವನ್ನ ಕೆಳಗ ತರ್ರಿ ಅಂತ. 'ನಮ್ಮ ಮನಿ ಮುಂದ ಬೇಲಿಫ್ ನಿಂದ್ರಿಸಿ ಪಾಟೀಲರ ಭಾಂಡೆ ಬೀದ್ಯಾಗ ಇಡಸ್ಲೇನು? ಪೇಟ್ಯಾಗ ಹೆಂಗ ತಿರಗ್ಲಿ?' ಅಂದ್ರು. 'ಅವರ ಹೇಳ್ತಾರ ತಡಿ. ಪಾಟೀಲ್ರು ಹೇಳಲಿಲ್ಲಂದ್ರ ಹುಡುಗನಾದ್ರೂ ಹೇಳ್ತಾನ, ಓದ್ಯಾನ ಅವ' ಅಂತಿದ್ರು."

ನಾನು ಚಹಾದ ಕಪ್ಪು ಕೆಳಗಿಟ್ಟೆ. ಅವಳು ನನ್ನ ಮುಖ ನೋಡಿ, "ಬಿಡು, ಈಗ ಯಾಕ ಆ ಮಾತು" ಎಂದಳು.

ಸೊಲ್ಲಾಪುರಕ್ಕೆ ಮರಳುವಾಗ ಬಸ್ಸಿನಲ್ಲಿ ನನ್ನ ಕಲಿತ ಬುದ್ಧಿ ಕೆಲಸ ಮಾಡತೊಡಗಿತು. ಮಗಳು ದುಃಖದಲ್ಲಿದ್ದಾಳೆ, ಅಪ್ಪನನ್ನು ಎತ್ತರಿಸಿ ಹೇಳುತ್ತಿದ್ದಾಳೆ, ಆಮೇಲೆ ತಿಳಿದದ್ದನ್ನು ಮೊದಲೇ ತಿಳಿದಿತ್ತು ಎಂದು ಜೋಡಿಸಿಕೊಂಡಿದ್ದಾಳೆ, ಇಂಥದ್ದಕ್ಕೆ ನಮ್ಮ ಶಾಸ್ತ್ರದಲ್ಲಿ ಹೆಸರೂ ಇದೆ. ಬಸ್ಸು ಇಳಿಯುವ ಹೊತ್ತಿಗೆ ನಾನು ಹೆಚ್ಚುಕಡಿಮೆ ಬಿಡುಗಡೆಯಾಗಿದ್ದೆ. ಆ ಹಾಯಾದ ಭಾವಕ್ಕೇ ನಾಚಿಕೆಯಾಯಿತು. ಆದ್ದರಿಂದ ಪರೀಕ್ಷಿಸಲು ಹೋದೆ.

ಜಿಲ್ಲಾ ಕೋರ್ಟಿನ ದಾಖಲೆಯಲ್ಲಿ ಸ್ಟೇ ಮುಂದುವರಿಸಿಲ್ಲ ಎಂಬ ಹುಕುಂ ಇದೆ. ಅದು ಆ ವರ್ಷದ ದೀಪಾವಳಿ ಕಳೆದ ಮೇಲಿನದು. ಕಾಕಾನ ವಕೀಲರು ಅಕ್ಕಲಕೋಟೆಯಲ್ಲಿ ಇನ್ನೂ ಇದ್ದಾರೆ. ಹಳೆಯ ಕಟ್ಟು ಬಿಚ್ಚಿ ಆ ಹುಕುಮಿನ ಅಧಿಕೃತ ನಕಲನ್ನು ತೋರಿಸಿದರು. "ಇದನ್ನ ನಾ ತೆಗೆಸಿಲ್ಲ. ಅವರೇ ಹೋಗಿ ತಗೊಂಡು ಬಂದು ನನ್ನ ಕೈಯಾಗ ಕೊಟ್ರು. ಏನೂ ಮಾಡಬ್ಯಾಡ್ರಿ, ಇಟ್ಟಿರ್ರಿ ಅಂದ್ರು" ಎಂದರು. ಕಾಕಾ ಯಾಕೆ ಸುಮ್ಮನಿದ್ದರು, ಮೆಟ್ಟಿಲ ಮೇಲೆ ನನ್ನನ್ನು ಹೇಗೆ ನೋಡಿದರು, ತೊಗರಿಕಾಯಿಯೋ ಮಾವಿನಕಾಯಿಯೋ, ಇದಾವುದಕ್ಕೂ ಅಲ್ಲಿ ಉತ್ತರವಿಲ್ಲ. ನಕಲಿನ ಬೆನ್ನಿಗೆ ಕೋರ್ಟಿನ ಶಿಕ್ಕಾ, ಅದನ್ನು ಕೈಗೆ ಕೊಟ್ಟ ತಾರೀಖು, ಪಕ್ಕದಲ್ಲಿ ಪಡೆದವರ ಸಹಿ. ಸಹಿ ಕನ್ನಡದಲ್ಲಿದೆ, ಕೊನೆಯ ಅಕ್ಷರದ ಬಾಲ ಇಡೀ ಹೆಸರಿನ ಕೆಳಗೆ ಹೋಗಿದೆ. ಮನೆಗೆ ಬಂದು ಆ ತಾರೀಖನ್ನು ಹಳೆಯ ಕ್ಯಾಲೆಂಡರಿನಲ್ಲಿ ನೋಡಿದೆ. ಸೋಮವಾರ. ಆ ಸಂಕ್ರಾಂತಿಗಿಂತ ಮೊದಲಿನ ಸೋಮವಾರ.